ಒಂದೇ ಹೆಸರು, ಎರಡು ಸಲ: ಸೆರ್ಜ್ ಗೇನ್ಸ್‌ಬೂರ್ ಸಿನಿಮಾದಲ್ಲಿ ಮಾಡಿದ್ದೇನು?

ಪ್ರಶ್ನೆ: 1969ರ ‘ಸ್ಲೋಗನ್’ ಎಂಬ ಫ್ರೆಂಚ್ ಚಿತ್ರವನ್ನು ಈಚೆಗೆ ನೋಡಿದೆ. ನಾಯಕನ ಪಾತ್ರ ಮಾಡಿದ ಸೆರ್ಜ್ ಗೇನ್ಸ್‌ಬೂರ್ ಎಂಬಾತನ ಹೆಸರೇ ಸಂಗೀತಕ್ಕೂ ಇದೆ. ನೋಡಲು ನಾಯಕನಂತಿಲ್ಲ, ನಟನೆಯೂ ಅಷ್ಟಕ್ಕಷ್ಟೆ. ಆದರೆ ಸಂಗೀತ ಮಾತ್ರ ಎರಡು ದಿನ ಬಿಡಲಿಲ್ಲ. ಈತ ಮೂಲತಃ ನಟನೋ, ಸಂಗೀತಗಾರನೋ? ನಮ್ಮಲ್ಲಿ ರವಿಚಂದ್ರನ್ ಅವರು ನಟನೆ, ನಿರ್ದೇಶನದ ಜೊತೆಗೆ ಸಂಗೀತವನ್ನೂ ಕೊಟ್ಟದ್ದುಂಟು. ಫ್ರಾನ್ಸಿನಲ್ಲಿ ಇದು ರೂಢಿಯೇ? ರಾಗಗಳನ್ನು ಈತನೇ ಕಟ್ಟುತ್ತಿದ್ದನೋ, ಯಾರೋ ಬರೆದುಕೊಟ್ಟದ್ದಕ್ಕೆ ಹೆಸರು ಹಾಕಿಕೊಂಡನೋ? ಕೇಳಲು ಎಲ್ಲಿಂದ ಶುರು ಮಾಡಲಿ? — ಓದುಗರೊಬ್ಬರು, ಮೈಸೂರು

ಉತ್ತರ: ಸಣ್ಣ ಉತ್ತರವನ್ನು ಮೊದಲೇ ಕೊಟ್ಟುಬಿಡುತ್ತೇನೆ. ಗೇನ್ಸ್‌ಬೂರ್ ಸಂಗೀತಗಾರ, ನಟನೆ ಅವನಿಗೆ ಒದಗಿ ಬಂದ ಕೆಲಸ. ರಾಗಗಳು ಬಹುಮಟ್ಟಿಗೆ ಅವನವೇ. ಆದರೆ ನಿಮ್ಮನ್ನು ಎರಡು ದಿನ ಕಾಡಿದ್ದು ಬರೀ ರಾಗವಾಗಿರಲಾರದು, ಅದಕ್ಕೇ ಈ ಮಾತಿಗೆ ವಿವರಣೆ ಬೇಕಾಗುತ್ತದೆ. ಇನ್ನು ‘ನೋಡಲು ನಾಯಕನಂತಿಲ್ಲ’ ಎಂಬ ದೂರನ್ನು ನಿಮಗಿಂತ ಮೊದಲು, ನಿಮಗಿಂತ ಕಟುವಾಗಿ ಹೇಳಿಕೊಂಡವನು ಅವನೇ. 1976ರಲ್ಲಿ ತನ್ನ ಒಂದು ಧ್ವನಿಮುದ್ರಿಕೆಗೆ ‘ಎಲೆಕೋಸು ತಲೆಯ ಮನುಷ್ಯ’ ಎಂದು ಹೆಸರಿಟ್ಟ. ಅಗಲ ಕಿವಿ, ದೊಡ್ಡ ಮೂಗು, ನಿದ್ದೆಗೆಟ್ಟ ಕಣ್ಣು. ಆ ಮುಖವೇ ಅವನನ್ನು ಸಿನಿಮಾಕ್ಕೆ ಕರೆತಂದಿತು ಎಂಬುದು ಇನ್ನೊಂದು ಕಥೆ.

ಹುಟ್ಟಿದ್ದು 1928ರ ಏಪ್ರಿಲ್ 2ರಂದು, ಪ್ಯಾರಿಸ್ಸಿನಲ್ಲಿ. ಹುಟ್ಟುಹೆಸರು ಲ್ಯುಸಿಯೆಂ ಗಿನ್ಸ್‌ಬುರ್ಗ್. ತಂದೆ ತಾಯಿ ರಷ್ಯಾ ಬಿಟ್ಟು ಬಂದ ಯಹೂದಿಗಳು. ತಂದೆ ಜೋಸೆಫ್, ಬಾರು ಕ್ಯಾಬರೆಗಳಲ್ಲಿ ಪಿಯಾನೋ ನುಡಿಸಿ ಸಂಸಾರ ಸಾಗಿಸುತ್ತಿದ್ದರು. ಮನೆಯಲ್ಲಿ ಶೊಪ್ಯಾಂ, ಬಾಖ್; ರಾತ್ರಿಯ ಕೆಲಸದಲ್ಲಿ ಗಿರಾಕಿ ಕೇಳಿದ ಕುಣಿತದ ಹಾಡು. ಈ ಎರಡನ್ನೂ ಒಂದೇ ಕೈ, ಒಂದೇ ದಿನದಲ್ಲಿ ನುಡಿಸುವುದನ್ನು ಕಂಡು ಬೆಳೆದ ಹುಡುಗನಿಗೆ ‘ಶಾಸ್ತ್ರೀಯ’, ‘ಲಘು’ ಎಂಬ ಗೋಡೆ ಎಂದೂ ಗಟ್ಟಿಯಾಗಿ ನಿಲ್ಲಲಿಲ್ಲ. ಜರ್ಮನರು ಪ್ಯಾರಿಸ್ ಹಿಡಿದಿದ್ದ ದಿನಗಳಲ್ಲಿ ಎದೆಯ ಮೇಲೆ ಯಹೂದಿ ಎಂಬ ಗುರುತಿನ ಹಳದಿ ನಕ್ಷತ್ರ ಹೊಲಿಸಿಕೊಂಡು ಓಡಾಡಿದವನು. ಆಗಬೇಕೆಂದುಕೊಂಡದ್ದು ಚಿತ್ರಕಾರ, ವರ್ಷಗಟ್ಟಲೆ ಕಲಿತು, ಬರೆದು, ಕೊನೆಗೆ ತನ್ನ ಕ್ಯಾನ್ವಾಸುಗಳನ್ನು ತಾನೇ ನಾಶಮಾಡಿ, ಅಪ್ಪನ ಕಸುಬಿಗೇ ಬಂದ. ಕ್ಯಾಬರೆಯಲ್ಲಿ ಪಿಯಾನೋ ನುಡಿಸುತ್ತಿದ್ದಾಗ ಲೇಖಕ, ಹಾಡುಗಾರ ಬೊರಿಸ್ ವಿಯಾಂ ಹಾಡುವುದನ್ನು ಕಂಡು, ಹಾಡಿನಲ್ಲಿ ಇಷ್ಟು ವಿಷ, ಇಷ್ಟು ಜಾಣತನ ತುಂಬಬಹುದೇ ಎಂದು ಕಣ್ಣು ತೆರೆಯಿತು. 1958ರಲ್ಲಿ ಮೊದಲ ಧ್ವನಿಮುದ್ರಿಕೆ. ಅದರಲ್ಲಿನ ಹಾಡೊಂದರ ನಾಯಕ, ಪ್ಯಾರಿಸ್ ಮೆಟ್ರೋದ ನೆಲದಡಿಯಲ್ಲಿ ದಿನವಿಡೀ ಟಿಕೆಟ್ಟಿಗೆ ತೂತು ಹೊಡೆಯುತ್ತ ನಿಂತವನು.

ಇಷ್ಟಾದರೂ ಹೆಸರಿತ್ತೇ ಹೊರತು ದುಡ್ಡಿರಲಿಲ್ಲ. ಸಿನಿಮಾ ಬಂದದ್ದು ಆಗ. 1959ರಲ್ಲಿ ಮಿಶೆಲ್ ಬ್ವಾರೋಂ ನಿರ್ದೇಶಿಸಿದ, ಬ್ರಿಜಿಟ್ ಬಾರ್ಡೋ ನಾಯಕಿಯಾಗಿದ್ದ ಚಿತ್ರದಲ್ಲಿ ಬ್ಲ್ಯಾಕ್‌ಮೇಲ್ ಮಾಡುವವನ ಸಣ್ಣ ಪಾತ್ರ. ಆ ಮುಖಕ್ಕೆ ಇನ್ನೇನು ಕೊಟ್ಟಾರು? ನಂತರ ಇಟಲಿಯವರು ಕರೆದರು. ಆಗ ಅಲ್ಲಿ ಹರ್ಕ್ಯುಲಿಸ್, ಸ್ಯಾಮ್ಸನ್ ಇತ್ಯಾದಿ ಮಾಂಸಖಂಡದ ವೀರರ ಚಿತ್ರಗಳ ಸುಗ್ಗಿ. ನಮ್ಮ ಪೌರಾಣಿಕ ಚಿತ್ರಗಳ ದೂರದ ನೆಂಟರು ಎನ್ನಿ, ಭಕ್ತಿ ಕಳೆದು ಕುಸ್ತಿ ಕೂಡಿಸಿದರೆ ಸರಿಹೋಗುತ್ತದೆ. 1960ರಿಂದ 62ರ ನಡುವೆ ಅಂಥ ಮೂರು ಚಿತ್ರಗಳಲ್ಲಿ ಗೇನ್ಸ್‌ಬೂರ್ ಖಳ. ಅವುಗಳಲ್ಲಿ ಎರಡನ್ನು ನಾನು ಪೂರ್ತಿ ನೋಡಿದ್ದೇನೆ. ನಿಮಗೆ ಆ ಶ್ರಮ ಬೇಡ. ನಿಲುವಂಗಿ ಹೊದ್ದು, ಹುಬ್ಬು ಗಂಟಿಕ್ಕಿ, ಬ್ರಾಡ್ ಹ್ಯಾರಿಸ್ ಎಂಬ ಗಟ್ಟಿಗನ ಎದುರು ನಿಂತ ಈ ಸಣಕಲು ಪಿಯಾನೋ ವಾದಕನ ಮುಖದಲ್ಲಿ ಎದ್ದು ಕಾಣುವುದು ಬೇಸರ. ಸಂಗೀತದಲ್ಲಿ ಅವನ ಪಾಲು ಏನೇನೂ ಇಲ್ಲ.

ಪಾಲು ಶುರುವಾಗುವುದು 1960ರ ‘ಲೋ ಆ ಲಾ ಬೂಶ್’ ಚಿತ್ರದಿಂದ. ಹಾಗೆಂದರೆ ಬಾಯಲ್ಲಿ ನೀರೂರುವುದು. ನಿರ್ದೇಶಕ ಜಾಕ್ ದೊನಿಯೊಲ್-ವಾಲ್‌ಕ್ರೋಜ್, ‘ಕಾಯೆ ದ್ಯು ಸಿನೆಮಾ’ ಪತ್ರಿಕೆಯ ಸ್ಥಾಪಕರಲ್ಲಿ ಒಬ್ಬ. ಶೀರ್ಷಿಕೆ ಗೀತೆ ಗೇನ್ಸ್‌ಬೂರನದು. ವಾದ್ಯ ಸಂಯೋಜನೆಯಲ್ಲಿ ಆಲಾಂ ಗೊರಾಗೇರನ ಕೈ. ಚಿತ್ರಕ್ಕಿಂತ ಹಾಡು ಹೆಚ್ಚು ದಿನ ಉಳಿಯಿತು. ಅಲ್ಲಿಂದ ಮುಂದೆ ಮೂವತ್ತು ವರ್ಷಗಳಲ್ಲಿ ಅವನು ಸಂಗೀತ ಕೊಟ್ಟ ಚಿತ್ರಗಳ ಎಣಿಕೆ ನಲವತ್ತರ ಆಸುಪಾಸಿಗೆ ಹೋಗುತ್ತದೆ.

ನೀವು ಗಮನಿಸಿದ ಆ ಎರಡು ಹೆಸರುಗಳಿಗೆ ಈಗ ಬರೋಣ. ಟೈಟಲ್ ಕಾರ್ಡಿನಲ್ಲಿ ಅವು ಒಂದೇ ಗಾತ್ರದಲ್ಲಿ ಬಂದರೂ ಫ್ರೆಂಚ್ ಕಾನೂನಿನ ಕಣ್ಣಲ್ಲಿ ಒಂದೇ ಅಲ್ಲ. 1957ರ ಮಾರ್ಚ್ 11ರ ಕಾಯಿದೆ ಒಂದು ಚಿತ್ರದ ಸಹಕರ್ತೃಗಳು ಯಾರೆಂದು ಹೆಸರಿಸುತ್ತದೆ: ಚಿತ್ರಕಥೆ, ಸಂಭಾಷಣೆ ಬರೆದವರು, ನಿರ್ದೇಶಕ, ಮತ್ತು ಆ ಚಿತ್ರಕ್ಕೆಂದೇ ಸಂಗೀತ ಕಟ್ಟಿದವನು. ನಟ ಆ ಪಟ್ಟಿಯಲ್ಲಿಲ್ಲ. ನಟರಿಗೆ, ಗಾಯಕರಿಗೆ, ವಾದ್ಯಗಾರರಿಗೆ ಕಾನೂನು ಪ್ರತ್ಯೇಕ ಹಕ್ಕು ಕೊಟ್ಟದ್ದು 1985ರಲ್ಲಿ, ಅದೂ ಕರ್ತೃವಿನ ಹಕ್ಕಲ್ಲ, ಅದರ ನೆರೆಮನೆಯ ಹಕ್ಕು. ಅಂದರೆ 1969ರ ಗೇನ್ಸ್‌ಬೂರ್ ಕ್ಯಾಮೆರಾ ಮುಂದೆ ಸಂಭಾವನೆ ಪಡೆದು ಮನೆಗೆ ಹೋಗುವ ಕೆಲಸಗಾರ. ಪಿಯಾನೋ ಮುಂದೆ ಕುಳಿತಾಗ ಮಾತ್ರ ಆ ಚಿತ್ರದ ಒಡೆಯರಲ್ಲಿ ಒಬ್ಬ.

ಒಡೆತನದ ಹಣ ವಸೂಲು ಮಾಡುವ ವ್ಯವಸ್ಥೆಯೂ ಅಲ್ಲಿ ಹಳೆಯದು. ಇದರ ಕಥೆ ನನಗೆ ಬಹಳ ಇಷ್ಟ, ಸ್ವಲ್ಪ ದಾರಿ ತಪ್ಪಿದರೂ ಹೇಳಿಬಿಡುತ್ತೇನೆ. 1847ರಲ್ಲಿ ಎರ್ನೆಸ್ಟ್ ಬೂರ್ಜೆ ಎಂಬ ಗೀತರಚನಕಾರ ಪ್ಯಾರಿಸ್ಸಿನ ಕೆಫೆಯೊಂದರಲ್ಲಿ ಸಕ್ಕರೆ ನೀರು ಕುಡಿದು ಕುಳಿತಿದ್ದ. ಅಲ್ಲಿ ಅವನದೇ ರಚನೆಯನ್ನು ನುಡಿಸುತ್ತಿದ್ದರು. ಬಿಲ್ಲು ಬಂದಾಗ ಕೊಡುವುದಿಲ್ಲ ಎಂದ: ನನ್ನ ಹಾಡಿಗೆ ನೀವು ಕೊಡದಿದ್ದರೆ ನಿಮ್ಮ ನೀರಿಗೆ ನಾನೇಕೆ ಕೊಡಲಿ? ಜಗಳ ನ್ಯಾಯಾಲಯಕ್ಕೆ ಹೋಯಿತು, ಬೂರ್ಜೆ ಗೆದ್ದ. ಅದರ ಬೆನ್ನಿಗೆ 1851ರಲ್ಲಿ ಹುಟ್ಟಿದ್ದು ‘ಸಾಸೆಮ್’ ಎಂಬ ಸಂಸ್ಥೆ. ಇಂದಿಗೂ ಫ್ರಾನ್ಸಿನ ಚಿತ್ರಮಂದಿರಗಳು ಟಿಕೆಟ್ ಹಣದಲ್ಲಿ ಸಂಗೀತದ ಪಾಲನ್ನು ಅದಕ್ಕೆ ಕಟ್ಟುತ್ತವೆ. ಟಿವಿಯಲ್ಲಿ ಚಿತ್ರ ಮರುಪ್ರಸಾರವಾದರೆ ಮತ್ತೆ ಕಟ್ಟಬೇಕು. ನಮ್ಮಲ್ಲಿ 1977ರ ಸುಪ್ರೀಂ ಕೋರ್ಟ್ ತೀರ್ಪಿನ ನಂತರ ಚಿತ್ರಸಂಗೀತ ಬಹುಕಾಲ ನಿರ್ಮಾಪಕನ ಸೊತ್ತಾಗಿಯೇ ಇತ್ತು, ಸಂಗೀತಗಾರರಿಗೂ ಗೀತರಚನಕಾರರಿಗೂ ಬಿಟ್ಟುಕೊಡಲಾಗದ ಪಾಲು ಸಿಕ್ಕಿದ್ದು 2012ರ ತಿದ್ದುಪಡಿಯಿಂದ ಎಂಬುದನ್ನು ಪಕ್ಕದಲ್ಲಿಟ್ಟು ನೋಡಿದರೆ, ನಟಿಸಲು ಕರೆದವರಿಗೆ ‘ಸಂಗೀತವೂ ನನಗಿರಲಿ’ ಎನ್ನುವುದು ಎಷ್ಟು ಲೆಕ್ಕಾಚಾರದ ಮಾತು ಎಂದು ತಿಳಿಯುತ್ತದೆ.

ಹಣಕ್ಕಿಂತ ದೊಡ್ಡ ಲಾಭ ಇನ್ನೊಂದಿತ್ತು. ಚಿತ್ರ ಬಿದ್ದುಹೋದರೂ ರಾಗದ ಕರ್ತೃ ಅವನೇ. ಬಿದ್ದ ಚಿತ್ರದಿಂದ ಅದನ್ನು ಎತ್ತಿಕೊಂಡು ಹೋಗಿ ಬೇರೆಡೆ ನೆಡಬಹುದು. ಗೇನ್ಸ್‌ಬೂರನ ಸಿನಿಮಾ ಬದುಕಿನ ಗುಟ್ಟೆಲ್ಲ ಇದರಲ್ಲಿದೆ ಎಂದು ನನ್ನ ಎಣಿಕೆ. ಎರಡು ಉದಾಹರಣೆ ಕೊಡುತ್ತೇನೆ, ಎರಡೂ ಅವನ ಅತ್ಯಂತ ಪ್ರಸಿದ್ಧ ರಾಗಗಳು.

1966ರಲ್ಲಿ ಎದುವಾರ್ ಲುಂಟ್ಸ್ ‘ಲೇ ಕರ್ ವೆರ್’ ಎಂಬ ಚಿತ್ರ ಮಾಡಿದ. ಪ್ಯಾರಿಸ್ ಹೊರವಲಯದ ಚರ್ಮದ ಜಾಕೆಟ್ಟಿನ ಪುಂಡು ಹುಡುಗರ ಕಥೆ, ನಟಿಸಿದವರೂ ವೃತ್ತಿನಟರಲ್ಲ. ಅದರಲ್ಲೊಂದು ಕುಣಿತದ ದೃಶ್ಯವಿದೆ. ಹುಡುಗ ಹುಡುಗಿಯರು ಜೋಡಿಯಾಗಿ ನಿಧಾನಕ್ಕೆ ತೂಗುವಾಗ ಹಿಂದೆ ನುಡಿಯುವ ಟ್ಯೂನಿಗೆ ಮಾತಿಲ್ಲ, ಹೆಸರೂ ಇಲ್ಲ. ಧ್ವನಿಮುದ್ರಿಕೆಯ ಮೇಲೆ ‘ಕುಣಿತದ ದೃಶ್ಯ 1’ ಎಂದಷ್ಟೇ ಇದೆ. ಚಿತ್ರ ಬಂತು, ಹೋಯಿತು. 1967ರ ಕೊನೆಯಲ್ಲಿ ಬಾರ್ಡೋಗಾಗಿ ಪ್ರೇಮಗೀತೆ ಬರೆಯಬೇಕಾಗಿ ಬಂದಾಗ ಗೇನ್ಸ್‌ಬೂರ್ ಎತ್ತಿಕೊಂಡದ್ದು ಆ ಟ್ಯೂನನ್ನೇ. ಮಿಶೆಲ್ ಕೊಲಂಬಿಯೆ ವಾದ್ಯ ಜೋಡಿಸಿದ, ಧ್ವನಿಮುದ್ರಣವೂ ಆಯಿತು. ಬಾರ್ಡೋಗೆ ಗಂಡನಿದ್ದ, ಬಿಡುಗಡೆ ಬೇಡವೆಂದು ಆಕೆ ಕೇಳಿಕೊಂಡಳು, ಇವನು ಕಪಾಟಿನಲ್ಲಿಟ್ಟ. ಅದೇ ಹಾಡನ್ನು ಇಂಗ್ಲಿಷ್ ನಟಿ ಜೇನ್ ಬರ್ಕಿನ್ ಜೊತೆ ಮತ್ತೆ ಹಾಡಿ 1969ರಲ್ಲಿ ಹೊರತಂದಾಗ ಬಿಬಿಸಿ ನಿಷೇಧಿಸಿತು, ವ್ಯಾಟಿಕನ್ನಿನ ಪತ್ರಿಕೆ ಖಂಡಿಸಿತು, ಬ್ರಿಟನ್ನಿನ ಪಟ್ಟಿಯಲ್ಲಿ ಅದು ಮೊದಲ ಸ್ಥಾನಕ್ಕೇರಿತು. ‘ನಿನ್ನನ್ನು ಪ್ರೀತಿಸುತ್ತೇನೆ’ ಎಂದು ಅವಳೆಂದರೆ ‘ನಾನೂ ಇಲ್ಲ’ ಎಂದು ಅವನು ಉತ್ತರಿಸುವ ಹಾಡು. ಜಗತ್ತು ಗುಲ್ಲೆಬ್ಬಿಸಿದ್ದು ಅದರ ಏದುಸಿರಿನ ಬಗ್ಗೆ. ಆ ಏದುಸಿರನ್ನು ಪಕ್ಕಕ್ಕೆ ಸರಿಸಿ ಕೇಳಿದರೆ ಆರ್ಗನ್ನಿನ ಅಡಿಯಲ್ಲಿ ಈಗಲೂ ಉಪನಗರದ ಹುಡುಗರು ತೂಗುತ್ತಿದ್ದ ಆ ಸಾಧಾರಣ ಟ್ಯೂನೇ ಇದೆ.

ಎರಡನೆಯದು ‘ಎಲಿಸಾ’. ಇದರ ಪಯಣ ಇನ್ನೂ ಉದ್ದ. 1967ರಲ್ಲಿ ಜಾಕ್ ರೂಫಿಯೋ ಮೊದಲ ಮಹಾಯುದ್ಧದ ನಡುವೆ, 1917ರಲ್ಲಿ ನಡೆಯುವ ಕಥೆಯೊಂದನ್ನು ‘ಲೊರಿಜೋಂ’ ಎಂಬ ಹೆಸರಿನಲ್ಲಿ ಚಿತ್ರಿಸಿದ. ಸಂಗೀತ ಗೇನ್ಸ್‌ಬೂರ್ ಮತ್ತು ಕೊಲಂಬಿಯೆ ಅವರದು. ಗಾಯಗೊಂಡ ಸೈನಿಕನ ಕಥೆಗೆ ಕಟ್ಟಿದ ಆ ರಾಗಕ್ಕೆ ಎರಡು ವರ್ಷದ ನಂತರ ಗೇನ್ಸ್‌ಬೂರ್ ಮಾತು ಕೂಡಿಸಿ ತಾನೇ ಹಾಡಿದ. ಎಂಥ ಮಾತು? ಬಾ ಎಲಿಸಾ, ನನ್ನ ಕುತ್ತಿಗೆಗೆ ಜೋತುಬೀಳು, ಈ ಕಾಡುಗೂದಲಲ್ಲಿ ಉಗುರು ಹೂತು ಹೇನು ಹುಡುಕು, ನಿನಗೆ ಇಪ್ಪತ್ತು ನನಗೆ ನಲವತ್ತು ಎಂದರೆ ನನಗೇನು ಚಿಂತೆಯೇ. ಯುದ್ಧಕಾಲದ ಕಥೆಯಿಂದ ಎದ್ದ ರಾಗ ಹೇನು ನೋಡುವ ಹಾಡಾಯಿತು, ಮತ್ತು ಹಾಗಾದದ್ದರಿಂದಲೇ ಜನರ ಬಾಯಲ್ಲಿ ನಿಂತಿತು. ಗೇನ್ಸ್‌ಬೂರ್ 1991ರ ಮಾರ್ಚ್ 2ರಂದು ತೀರಿಕೊಂಡ. 1995ರಲ್ಲಿ ಜಾಂ ಬೆಕೆರ್ ಅದೇ ಹೆಸರಿನಲ್ಲಿ, ವನೆಸಾ ಪಾರಾದಿ ಮತ್ತು ಜೆರಾರ್ ದೆಪಾರ್ದ್ಯೂ ಅವರನ್ನಿಟ್ಟು ಚಿತ್ರ ಮಾಡಿ ಆ ರಾಗವನ್ನು ಬಳಸಿದ. ಮರುವರ್ಷ ಫ್ರೆಂಚ್ ಚಿತ್ರರಂಗದ ಸೆಸಾರ್ ಪ್ರಶಸ್ತಿಗಳಲ್ಲಿ ಅತ್ಯುತ್ತಮ ಚಿತ್ರಸಂಗೀತದ್ದು ಮೂವರಿಗೆ ಒಟ್ಟಾಗಿ ಹೋಯಿತು: ಪೋಲೆಂಡಿನ ಜ್ಬಿಗ್ನೇವ್ ಪ್ರೈಸ್ನರ್, ಕೊಲಂಬಿಯೆ, ಮತ್ತು ಸತ್ತು ಐದು ವರ್ಷವಾಗಿದ್ದ ಗೇನ್ಸ್‌ಬೂರ್.

ಈಗ ನಟನೆಯ ಮಾತು. ನೀವು ‘ಅಷ್ಟಕ್ಕಷ್ಟೆ’ ಎಂದಿರಿ. ಒಪ್ಪುತ್ತೇನೆ, ಆದರೆ ಒಂದು ತಕರಾರಿದೆ. ಪಾತ್ರವಾಗಲು ಹೊರಟಾಗಲೆಲ್ಲ ಅವನು ಸಪ್ಪೆ. ತಾನಾಗಿಯೇ ನಿಂತಾಗ ಕಣ್ಣು ತೆಗೆಯಲಾಗದು. 1968ರ ‘ಲ ಪಾಶಾ’ ಎಂಬ ಪೊಲೀಸ್ ಚಿತ್ರದ ಒಂದು ದೃಶ್ಯವನ್ನೇ ನೋಡಿ. ನಿರ್ದೇಶಕ ಜಾರ್ಜ್ ಲೋತ್ನೆರ್; ನಾಯಕ ಜಾಂ ಗಾಬ್ಯಾಂ, ಮೂವತ್ತರ ದಶಕದಿಂದ ಫ್ರೆಂಚ್ ಪರದೆಯನ್ನು ಆಳಿದವನು, ಆಗ ಅರವತ್ತು ದಾಟಿದ್ದ. ತನಿಖೆಯ ಬೆನ್ನು ಹತ್ತಿದ ಈ ಮುದುಕ ಇನ್‌ಸ್ಪೆಕ್ಟರು ಧ್ವನಿಮುದ್ರಣದ ಸ್ಟುಡಿಯೋಗೆ ಬರುತ್ತಾನೆ. ಅಲ್ಲಿ ಗೇನ್ಸ್‌ಬೂರ್, ಗೇನ್ಸ್‌ಬೂರನಾಗಿಯೇ, ಕಿವಿಗೆ ಹೆಡ್‌ಫೋನ್ ಸಿಕ್ಕಿಸಿಕೊಂಡು ಆ ಚಿತ್ರದ ಹಾಡನ್ನೇ ದಾಖಲಿಸುತ್ತಿದ್ದಾನೆ. ಹಾಡು ಎನ್ನುವುದೂ ಕಷ್ಟ. ಡ್ರಮ್ಮಿನ ಒಂದೇ ಪೆಟ್ಟು ಸುತ್ತಿ ಸುತ್ತಿ ಬರುತ್ತದೆ, ಅದರ ಮೇಲೆ ಇವನು ರಾಗವೆಳೆಯದೆ, ಎದುರು ನಿಂತವನಿಗೆ ಬೈಯುವ ಹಾಗೆ ಮಾತಾಡುತ್ತಾನೆ. ಶೀರ್ಷಿಕೆಯಲ್ಲಿಯೇ ಬೈಗುಳ ಇದೆ. ಹಿಪ್-ಹಾಪ್ ಎಂಬ ಪದವೇ ಇಲ್ಲದ ಕಾಲ. ಗಾಬ್ಯಾಂ ಮುಖದಲ್ಲಿ ಕಾಣುವುದು, ಮೊಮ್ಮಗನ ಕೋಣೆಯ ಬಾಗಿಲು ತೆರೆದು ಒಳಗಿನ ಗದ್ದಲ ಕೇಳಿದ ಅಜ್ಜನ ಭಾವ. ಎರಡು ಕಾಲಗಳು ಒಂದೇ ಚೌಕಟ್ಟಿನಲ್ಲಿ ನಿಂತು ಪರಸ್ಪರ ನೋಡುವ ಅಂಥ ಗಳಿಗೆ ಆ ವರ್ಷದ ಫ್ರೆಂಚ್ ಸಿನಿಮಾದಲ್ಲಿ ಹೆಚ್ಚಿಲ್ಲ. ಅದರಲ್ಲಿ ಗೇನ್ಸ್‌ಬೂರ್ ನಟಿಸುತ್ತಿದ್ದಾನೆಯೇ? ದುಡಿಯುತ್ತಿದ್ದಾನೆ ಅಷ್ಟೆ.

ನೀವು ನೋಡಿದ ‘ಸ್ಲೋಗನ್’ ಇದೇ ಬಗೆಯದು. ಪಿಯೆರ್ ಗ್ರಿಂಬ್ಲಾ ಜಾಹೀರಾತಿನ ಲೋಕದಿಂದ ಬಂದ ನಿರ್ದೇಶಕ. ನಾಯಕನೂ ಜಾಹೀರಾತು ಚಿತ್ರಗಳ ನಿರ್ದೇಶಕ. ಹೆಂಡತಿಯಿದ್ದೂ ವೆನಿಸ್ಸಿನಲ್ಲಿ ಇಂಗ್ಲಿಷ್ ಹುಡುಗಿಯೊಬ್ಬಳಿಗೆ ಮನಸೋಲುತ್ತಾನೆ. ಆ ಹುಡುಗಿಯ ಪಾತ್ರಕ್ಕೆ ಲಂಡನ್ನಿನಿಂದ ಬಂದ ಜೇನ್ ಬರ್ಕಿನ್‌ಗೆ ಆಗ ಫ್ರೆಂಚ್ ಸರಿಯಾಗಿ ಬರುತ್ತಿರಲಿಲ್ಲ. (ಅವಳ ಮೊದಲ ಗಂಡ ಜಾನ್ ಬ್ಯಾರಿ, ಬಾಂಡ್ ಚಿತ್ರಗಳ ಸಂಗೀತಗಾರ. ಚಿತ್ರಸಂಗೀತ ಆಕೆಯನ್ನು ಬಿಡುವಂತಿರಲಿಲ್ಲ.) ಬಾರ್ಡೋ ಬಿಟ್ಟುಹೋದ ನೋವಿನಲ್ಲಿ ಸಿಡುಕುತ್ತಿದ್ದ ಗೇನ್ಸ್‌ಬೂರ್ ಆರಂಭದಲ್ಲಿ ಅವಳನ್ನು ಸರಿಯಾಗಿ ಮಾತಾಡಿಸಲೂ ಇಲ್ಲ, ಚಿತ್ರೀಕರಣ ಮುಗಿಯುವ ಹೊತ್ತಿಗೆ ಇಬ್ಬರೂ ಬೇರೆಯಾಗಲಾರದಷ್ಟು ಹತ್ತಿರವಾಗಿದ್ದರು. ನಿಮಗೆ ಸಪ್ಪೆಯೆನಿಸಿದ ನಟನೆಯ ನಡುವೆ ಅಲ್ಲಲ್ಲಿ ಮಿಂಚುವ ನಿಜವಾದ ಮುಜುಗರ, ನಿಜವಾದ ನಗು ಇದ್ದರೆ ಕಾರಣ ಅದು.

ಆಮೇಲಿನ ಎರಡು ವರ್ಷ ಇಬ್ಬರೂ ಜೋಡಿಯಾಗಿ ಸಾಲು ಚಿತ್ರಗಳಲ್ಲಿ ಕಾಣಿಸಿಕೊಂಡರು, ಸಂಗೀತವೂ ಅವನದೇ. ಆಂದ್ರೆ ಕಾಯಾತ್‌ನ ಕಠ್ಮಂಡು ಚಿತ್ರ ಹಿಪ್ಪಿಗಳ ಬೆನ್ನು ಹತ್ತಿ ನೇಪಾಳಕ್ಕೆ ಹೋಯಿತು. ಅದರ ಸಂಗೀತ ಧ್ವನಿಮುದ್ರಿಕೆಯಾಗಿ ಹೊರಬರಲು ದಶಕಗಳೇ ಬೇಕಾದವು. ಪಿಯೆರ್ ಕೊರಾಲ್ನಿಕ್‌ನ ‘ಕ್ಯಾನಬಿಸ್’ನಲ್ಲಿ ಗೇನ್ಸ್‌ಬೂರ್ ಬಾಡಿಗೆ ಕೊಲೆಗಾರ. ಕಥೆಯನ್ನು ಮರೆಯಿರಿ. ಸಂಗೀತದಲ್ಲಿ ಒರಟು ಗಿಟಾರ್ ಒಂದು ಕಡೆ, ತಂತಿವಾದ್ಯಗಳ ಮೇಳ ಇನ್ನೊಂದು ಕಡೆ, ನಡುವೆ ಇವೆರಡನ್ನೂ ಜಗಳಕ್ಕೆ ಬಿಟ್ಟು ನಿಂತಂತೆ ಒಂದು ಬಾಸ್ ಗಿಟಾರ್. ಮರುವರ್ಷ, 1971ರಲ್ಲಿ, ‘ಮೆಲೊಡಿ ನೆಲ್ಸನ್’ ಧ್ವನಿಮುದ್ರಿಕೆಯಲ್ಲಿ ಇದೇ ಪಾಕ ಹದಕ್ಕೆ ಬಂತು. ಸಿನಿಮಾದಲ್ಲಿ ಬೇರೆಯವರ ಖರ್ಚಿನಲ್ಲಿ ಪ್ರಯೋಗ, ನಂತರ ತನ್ನ ಹಾಡಿನಲ್ಲಿ ಫಸಲು. ಜಾಣ.

ಇಲ್ಲಿಗೆ ನಿಮ್ಮ ಕಠಿಣ ಪ್ರಶ್ನೆ ಬರುತ್ತದೆ: ಇದೆಲ್ಲ ಅವನದೇ ಕೈಕೆಲಸವೇ?

ಗೇನ್ಸ್‌ಬೂರ್ ರಾಗವನ್ನು ಪಿಯಾನೋ ಮೇಲೆ ಹುಡುಕುತ್ತಿದ್ದ. ಆ ನಾಲ್ಕಾರು ಸಾಲಿನ ಸ್ವರಗಳಿಂದ ಮೂವತ್ತು ಮಂದಿಯ ವಾದ್ಯಮೇಳಕ್ಕೆ ಬೇಕಾದ ಪ್ರತಿಯೊಂದು ಹಾಳೆಯನ್ನು ಬರೆದುಕೊಡುತ್ತಿದ್ದವರು ವಾದ್ಯ ಸಂಯೋಜಕರು, ನಮ್ಮ ಚಿತ್ರರಂಗದಲ್ಲಿ ‘ಅರೇಂಜರ್’ ಎನ್ನುತ್ತಾರಲ್ಲ, ಅವರು. ಆರಂಭದಲ್ಲಿ ಗೊರಾಗೇರ್, ಅರವತ್ತರ ದಶಕದ ಮಧ್ಯದಲ್ಲಿ ಕೊಲಂಬಿಯೆ, ಲಂಡನ್ನಿನಲ್ಲಿ ಆರ್ಥರ್ ಗ್ರೀನ್‌ಸ್ಲೇಡ್, ‘ಕ್ಯಾನಬಿಸ್’ ಮತ್ತು ‘ಮೆಲೊಡಿ ನೆಲ್ಸನ್’ ಕಾಲದಲ್ಲಿ ಜಾಂ-ಕ್ಲೋದ್ ವಾನಿಯೆ. ಇಸವಿ ಹೇಳದೆ ಒಂದು ತುಣುಕು ಕೇಳಿಸಿದರೂ ಆ ಹೊತ್ತಿನ ಸಂಯೋಜಕ ಯಾರೆಂದು ಬಹುಪಾಲು ಹೇಳಬಹುದು. ಪಿಟೀಲುಗಳು ಹಾವಿನಂತೆ ತಲೆಯೆತ್ತಿದರೆ ಅದು ವಾನಿಯೆ. ಕೇಳುಗ ‘ಇದು ಗೇನ್ಸ್‌ಬೂರ್ ಧ್ವನಿ’ ಎಂದು ಗುರುತಿಸುವುದರಲ್ಲಿ ಅರ್ಧ ಈ ಜನರ ಧ್ವನಿ. ಚಿತ್ರಸಂಗೀತದ ಮಟ್ಟಿಗೆ ಇವರಲ್ಲಿ ಹಲವರ ಹೆಸರು ಸಹಸಂಗೀತಗಾರರಾಗಿ ಬಂದಿದೆ, ಅದು ನ್ಯಾಯ. ಹಾಡುಗಳ ವಿಷಯದಲ್ಲಿ ಅಷ್ಟು ಧಾರಾಳತನ ಕಾಣುವುದಿಲ್ಲ.

ಇನ್ನೊಂದು ಬಗೆಯ ಸಾಲವೂ ಇದೆ. 1965ರಲ್ಲಿ, ಯೂರೋಪಿನ ದೇಶಗಳ ನಡುವಿನ ಯೂರೋವಿಷನ್ ಹಾಡಿನ ಸ್ಪರ್ಧೆಯಲ್ಲಿ ಲಕ್ಸೆಂಬರ್ಗ್ ಪರವಾಗಿ ಫ್ರಾನ್ಸ್ ಗಾಲ್ ಎಂಬ ಹುಡುಗಿ ಹಾಡಿ ಗೆದ್ದ ಗೀತೆಯಲ್ಲಿ ಬೀಥೋವನ್‌ನ ಮೊದಲ ಪಿಯಾನೋ ಸೊನಾಟಾದ ಕೊನೆಯ ಭಾಗದ ನೆರಳಿದೆ. ಬಾರ್ಡೋ ಮೇಲಿನ ಹಾಡಿನಲ್ಲಿ ದ್ವೋರ್ಝಾಕ್‌ನ ‘ಹೊಸ ಜಗತ್ತು’ ಸಿಂಫನಿ. ಜೇನ್ ಮೇಲಿನ ಹಾಡು ಶೊಪ್ಯಾಂನ ಒಂದು ಪ್ರೆಲ್ಯೂಡ್. 1983ರಲ್ಲಿ ಅವಳಿಗೇ ಬರೆದ ಇನ್ನೊಂದು ಹಾಡಿಗೆ ಬ್ರಾಮ್ಸ್‌ನ ಮೂರನೆಯ ಸಿಂಫನಿ. ಅಪ್ಪನ ಪಿಯಾನೋ ಪಕ್ಕ ಕುಳಿತು ಕೇಳಿದ್ದನ್ನೆಲ್ಲ ಈ ಮಗ ಕೊನೆಯವರೆಗೂ ಖರ್ಚು ಮಾಡಿದ. ಇಂಥದ್ದನ್ನು ನಾನು ಕಳ್ಳತನ ಎನ್ನುವುದಿಲ್ಲ. ಗುರುತು ಹಿಡಿಯಲಿ ಎಂದೇ ಇಟ್ಟಂತಿದೆ, ಹಿಡಿದಾಗ ಕೇಳುಗನಿಗೂ ಖುಷಿ. ಆದರೆ 1964ರ ತಾಳವಾದ್ಯಗಳ ಧ್ವನಿಮುದ್ರಿಕೆಯ ವಿಷಯ ಬೇರೆ. ಅದರ ಕೆಲವು ಹಾಡುಗಳು ನೈಜೀರಿಯಾದ ಬಾಬಾತುಂಡೆ ಒಲಾತುಂಜಿ ಅಷ್ಟರಲ್ಲೇ ಹೊರತಂದಿದ್ದ ರಚನೆಗಳಿಂದ ಎತ್ತಿದವು. ಒಲಾತುಂಜಿ ಬದುಕಿದ್ದ, ನ್ಯೂಯಾರ್ಕಿನಲ್ಲಿ ಅದೇ ಕಸುಬಿನಲ್ಲಿದ್ದ. ಧ್ವನಿಮುದ್ರಿಕೆಯ ಮೇಲೆ ಅವನ ಹೆಸರಿರಲಿಲ್ಲ. ಕೆಫೆಯಲ್ಲಿ ಬಿಲ್ಲು ಕೊಡಲೊಲ್ಲದ ಬೂರ್ಜೆಯ ನಾಡಿನಲ್ಲಿ, ತನ್ನ ಹಕ್ಕಿನ ಪೈಸೆಪೈಸೆ ಎಣಿಸಿಕೊಳ್ಳುವ ಸಂಗೀತಗಾರ ಹೀಗೆ ಮಾಡಿದ್ದು ನನಗಂತೂ ಸಮರ್ಥಿಸಲಾಗದ ಸಂಗತಿ.

ಅಲ್ಲಿ ಇದು ರೂಢಿಯೇ ಎಂದು ಕೇಳಿದ್ದೀರಿ. ರೂಢಿಯಲ್ಲ. ಹಾಡುಗಾರರು ನಟಿಸುವುದು ಸಾಮಾನ್ಯ. ಆದರೆ ನಟಿಸಿದ ಚಿತ್ರಕ್ಕೆ ತಾವೇ ಸಂಗೀತ ಕೊಡುವವರು ಕಡಿಮೆ. ಹಾಡುಗಾರ ಶಾರ್ಲ್ ಅಜ್ನವೂರ್ ಸ್ವತಃ ರಾಗ ಕಟ್ಟುವವನು. 1960ರಲ್ಲಿ ನಿರ್ದೇಶಕ ತ್ರೂಫೋ ಅವನನ್ನು ಪಿಯಾನೋ ವಾದಕನ ಪಾತ್ರಕ್ಕೆ ಕರೆದ, ಸಂಗೀತವನ್ನು ಮಾತ್ರ ಜಾರ್ಜ್ ದೆಲೆರ್ಯೂನಿಂದ ಮಾಡಿಸಿದ. ಸರಿಯಾಗಿಯೇ ಮಾಡಿದ. ಜಾಕ್ ದ್ಯುತ್ರೋಂ ಕಥೆ ಗೇನ್ಸ್‌ಬೂರನದಕ್ಕೆ ತಿರುಗುಮುರುಗು: ಗಿಟಾರ್ ಹಿಡಿದು ಬಂದವನು, ಗಾಯಕಿ ಫ್ರಾನ್ಸ್ವಾಜ್ ಆರ್ದಿಗೆ ರಾಗ ಕಟ್ಟಿಕೊಟ್ಟವನು, 1966ರಿಂದ ತಾನೇ ಹಾಡಿ ಹೆಸರಾದವನು, 1974ರ ಸುಮಾರಿಗೆ ನಟನೆಗಿಳಿದು ನಿಜವಾಗಿಯೂ ದೊಡ್ಡ ನಟನಾದ. ಮೊರಿಸ್ ಪಿಯಾಲಾ 1991ರಲ್ಲಿ ಮಾಡಿದ ವ್ಯಾನ್‌ಗೋ ಚಿತ್ರದಲ್ಲಿ ಅವನು ಚಿತ್ರಕಾರನ ಕೊನೆಯ ದಿನಗಳನ್ನು ಒಂದು ಕಣ್ಣೀರೂ ಇಲ್ಲದೆ ಬದುಕುತ್ತಾನೆ. ಮರುವರ್ಷ ಅತ್ಯುತ್ತಮ ನಟನೆಂಬ ಸೆಸಾರ್ ಅವನಿಗೆ ಬಂತು. 2000ದಲ್ಲಿ ನಿರ್ದೇಶಕ ಶಬ್ರೋಲ್‌ನ ಚಿತ್ರದಲ್ಲಿ ಅವನದು ಪಿಯಾನೋ ವಿದ್ವಾಂಸನ ಪಾತ್ರ, ಶಿಷ್ಯೆಗೆ ಲಿಸ್ಟ್‌ನ ರಚನೆ ಕಲಿಸುತ್ತಾನೆ. ಅಲ್ಲಿಯೂ ಚಿತ್ರಸಂಗೀತದ ಹೊಣೆ ಬೇರೊಬ್ಬನದು. ನಟನೊಬ್ಬನಿಗೆ ಮೌನ ಒಲಿಯಬೇಕು, ದ್ಯುತ್ರೋಂಗೆ ಒಲಿದಿತ್ತು. ಗೇನ್ಸ್‌ಬೂರ್ ಸುಮ್ಮನಿದ್ದಾಗಲೂ ಏನೋ ಹೇಳಲು ತಯಾರಾಗುತ್ತಿರುವಂತೆ ಕಾಣುತ್ತಾನೆ.

ನಿರ್ದೇಶಕನಾಗಿಯೂ ಅವನು ನಾಲ್ಕು ಚಿತ್ರ ಮಾಡಿದ. ಮೊದಲನೆಯದು, 1976ರಲ್ಲಿ ‘ನಿನ್ನನ್ನು ಪ್ರೀತಿಸುತ್ತೇನೆ, ನಾನೂ ಇಲ್ಲ’ ಎಂಬ ಆ ಪ್ರಸಿದ್ಧ ಹಾಡಿನ ಹೆಸರನ್ನೇ ಹೊತ್ತು ಬಂದದ್ದು, ಬೊರಿಸ್ ವಿಯಾಂಗೆ ಅರ್ಪಿತವಾಗಿದೆ. ಧೂಳು, ಲಾರಿ, ಕಸದ ರಾಶಿಗಳ ನಡುವಿನ ಆ ಕಥೆಗೆ ಕಟ್ಟಿದ ಸಣ್ಣ ಟ್ಯೂನು ಮತ್ತೆ ಜೇನ್ ಬಾಯಲ್ಲಿ ಹಾಡಾಯಿತು, ಅದೇ ಹಳೆಯ ಪದ್ಧತಿ. 1983ರ ‘ಎಕ್ವಾತೆರ್’ ಗ್ಯಾಬನ್ನಿನಲ್ಲಿ ಚಿತ್ರಿತವಾಗಿ ಕಾನ್ ಉತ್ಸವದಲ್ಲಿ ಮೂದಲಿಕೆ ಕೇಳಿತು. ಮಗಳು ಶಾರ್ಲೊತ್ ಜೊತೆ ಮಾಡಿದ ಮೂರನೆಯದನ್ನು ಇಂದು ಮುಜುಗರವಿಲ್ಲದೆ ನೋಡುವುದು ಅಸಾಧ್ಯ, ನಾನು ಶಿಫಾರಸು ಮಾಡುವುದಿಲ್ಲ. ನಾಲ್ಕನೆಯದು 1990ರದು.

1986ರಲ್ಲಿ ಟಿವಿಯ ಸಾಹಿತ್ಯ ಕಾರ್ಯಕ್ರಮವೊಂದರಲ್ಲಿ, ಹಾಡು ಎಂಬುದು ಸಣ್ಣ ಕಲೆ, ಚಿತ್ರಕಲೆಗೋ ಶಾಸ್ತ್ರೀಯ ಸಂಗೀತಕ್ಕೋ ಇರುವಂಥ ದೀಕ್ಷೆ ಅದಕ್ಕೆ ಬೇಕಿಲ್ಲ ಎಂದು ಅವನು ವಾದಿಸಿದ್ದುಂಟು. ಎದುರಿಗೆ ಕುಳಿತಿದ್ದ ಹಾಡುಗಾರ ಗೀ ಬೆಯಾರ್ ಕೆರಳಿ ಕೆಂಪಾದ. ಚಿತ್ರಕಲೆ ಬಿಟ್ಟುಬಂದ ಅಳಲು ಆ ಮಾತಿನಲ್ಲಿದೆ. ಸಿನಿಮಾವನ್ನು ಯಾವ ಸಾಲಿಗೆ ಸೇರಿಸುತ್ತಿದ್ದನೋ! ಅದಕ್ಕೆ ಸಂಗೀತ ಕೊಡುವಾಗ ಮಾತ್ರ ಅಸಡ್ಡೆ ಮಾಡಲಿಲ್ಲ.

ಕೇಳುವ ಕ್ರಮ ಹೀಗಿರಲಿ. ಮೊದಲು ‘ಲ ಪಾಶಾ’ದ ಆ ಸ್ಟುಡಿಯೋ ದೃಶ್ಯ, ಭಾಷೆ ಬಾರದಿದ್ದರೂ ಸಾಕು, ಡ್ರಮ್ಮಿಗೆ ಅನುವಾದ ಬೇಡ. ಆಮೇಲೆ ‘ಕುಣಿತದ ದೃಶ್ಯ 1’ ಕೇಳಿ, ತಕ್ಷಣ 1969ರ ಯುಗಳಗೀತೆ ಕೇಳಿ. ಮನೆಯಲ್ಲಿ ಹಿರಿಯರಿದ್ದರೆ ಎರಡನೆಯದಕ್ಕೆ ಇಯರ್‌ಫೋನ್ ಒಳ್ಳೆಯದು. ‘ಎಲಿಸಾ’ವನ್ನು ಅದರ ವಯಸ್ಸಿನ ಕ್ರಮದಲ್ಲಿ ಮೂರು ರೂಪಗಳಲ್ಲಿ ಕೇಳಿ: 1967, 1969, 1995. ‘ಕ್ಯಾನಬಿಸ್’ ಸಂಗೀತವನ್ನು ಚಿತ್ರ ನೋಡದೆ, ರಾತ್ರಿ ಹೊತ್ತು ಕೇಳಿ. ‘ಮೆಲೊಡಿ ನೆಲ್ಸನ್’ ಇಪ್ಪತ್ತೆಂಟು ನಿಮಿಷದ್ದು, ಒಂದೇ ಸಲಕ್ಕೆ ಮುಗಿಸಿ. ಪ್ರತಿ ಸಲವೂ ಧ್ವನಿಮುದ್ರಿಕೆಯ ಹಿಂಬದಿಯನ್ನೋ, ಮೊಬೈಲಿನಲ್ಲಾದರೆ ವಿವರದ ಪಟ್ಟಿಯನ್ನೋ ತೆರೆದು, ಗೇನ್ಸ್‌ಬೂರ್ ಹೆಸರಿನ ಪಕ್ಕ ಅಡ್ಡಗೆರೆಯಾಚೆ ಇರುವ ಎರಡನೇ ಹೆಸರು ಯಾವುದೆಂದು ಓದಿಕೊಳ್ಳಿ.